ಲಗಮಣ್ಣ ಕಟ್ಟಿದ ಗುಲಾಬಿ ಫೇಟಾ

ನಮ್ಮ ಕರೋಶಿಯಲ್ಲಿ ಲಗಮಣ್ಣ ಎಂಬ ಹೆಸರಿಗೆ ಬರವಿಲ್ಲ. ಕಣ್ಣು ಮುಚ್ಚಿ ಕಲ್ಲು ಒಗೆದರೆ ಒಬ್ಬ ಲಗಮಣ್ಣನಿಗಾದರೂ ಬಡಿಯುತ್ತದೆ. ಹಾಗಾಗಿ ನಾನು ಹೇಳಹೊರಟವನ ಮನೆ ಹುಡುಕಿಕೊಂಡು ಬಂದವರು ಫೇಟಾ ಲಗಮಣ್ಣನ ಮನೆ ಎಂದೇ ಕೇಳಬೇಕಾಗುತ್ತಿತ್ತು. ಎರಡು ಎಮ್ಮೆ, ಒಂದಿಷ್ಟು ಕುರಿ, ಹಳ್ಳದ ದಂಡೆಗೊಂದು ತುಂಡು ಹೊಲ. ಇಷ್ಟರಿಂದ ಯಾರಿಗೂ ಹೆಸರು ಬರುವುದಿಲ್ಲ. ಅವನಿಗೆ ಹೆಸರು ತಂದುಕೊಟ್ಟದ್ದು ಅವನ ಕೈ. ಮದುಮಗನಿರಲಿ, ಬೀಗರಿರಲಿ, ಸತ್ಕಾರಕ್ಕೆ ಬಂದ ದೊಡ್ಡವರಿರಲಿ, ಸುತ್ತಲಿನ ಹಳ್ಳಿಗಳಲ್ಲಿ ತಲೆಗೆ ಫೇಟಾ ಕಟ್ಟಬೇಕೆಂದರೆ ಲಗಮಣ್ಣನೇ ಬರಬೇಕು.

ಅವನು ಕಟ್ಟುವುದನ್ನು ನೋಡಲು ನಾವು ಕೆಲಸ ಬಿಟ್ಟು ನಿಲ್ಲುತ್ತಿದ್ದೆವು. ಉದ್ದನೆಯ ಅರಿವೆಯ ಒಂದು ತುದಿಯನ್ನು ಯಾರ ಕೈಗಾದರೂ ಕೊಟ್ಟು ದೂರ ನಿಲ್ಲಿಸಿ, ಇನ್ನೊಂದು ತುದಿಯನ್ನು ಹೊಸೆಯುತ್ತ ತಲೆಯ ಸುತ್ತ ತಿರುಗುತ್ತಿದ್ದ. ಹಣೆಯ ಮೇಲೆ ಸುತ್ತುಗಳು ಒಂದರ ಮೇಲೊಂದು ಕೂತು, ಮೇಲೆ ತುರಾಯಿ ಎದ್ದು, ಬೆನ್ನಿಗೆ ಸೆರಗು ಇಳಿದ ಮೇಲೆ ಸ್ವಲ್ಪ ಹಿಂದೆ ಸರಿದು, "ಒಮ್ಮೆ ತಲಿ ಅಲ್ಲಾಡಸ್ರಿ" ಎನ್ನುತ್ತಿದ್ದ. ಎಂಥ ದೊಡ್ಡ ಮನುಷ್ಯನಾದರೂ ಅವನೆದುರು ತಲೆ ಅಲ್ಲಾಡಿಸಲೇಬೇಕು. ಫೇಟಾ ಕದಲುತ್ತಿರಲಿಲ್ಲ. ಆಗ ಲಗಮಣ್ಣನ ಮುಖ ನೋಡಬೇಕಿತ್ತು, ಚುನಾವಣೆ ಗೆದ್ದವನೇ ಅವನು ಎನ್ನಬೇಕು.

ಆ ಕೈಯ ಬೆಲೆ ಮೊದಲು ತಿಳಿದವರು ಬೇಡಕಿಹಾಳದ ಬಾಬಾಸಾಹೇಬರು. ಕಬ್ಬಿನ ಹೊಲದ ದೊಡ್ಡ ಮನೆತನ. ನಮ್ಮ ಪಕ್ಷಕ್ಕೆ ಎಷ್ಟೋ ವರ್ಷಗಳಿಂದ ಅವರೇ ತಾಲೂಕಾ ಅಧ್ಯಕ್ಷರು. ಮನೆಯಲ್ಲಿರುವಾಗ ಬಿಳಿ ಟೊಪ್ಪಿಗೆ ಹಾಕುತ್ತಿದ್ದರು. ಸಭೆಗೆ ಹೊರಟರೆಂದರೆ ಟೊಪ್ಪಿಗೆಯನ್ನು ಗೂಟಕ್ಕೆ ಸಿಗಿಸಿ, ಬರಿದಲೆಯಲ್ಲೇ ಜೀಪು ಹತ್ತಿ ಕರೋಶಿಗೆ ಬಂದು, ಲಗಮಣ್ಣನ ಮನೆಯ ಕಟ್ಟೆಯ ಮೇಲೆ ಕೂತು ಫೇಟಾ ಕಟ್ಟಿಸಿಕೊಂಡು, ಅವನನ್ನೂ ಜೀಪಿನಲ್ಲಿ ಹಾಕಿಕೊಂಡು ಮುಂದೆ ಹೋಗುವುದು ರೂಢಿ. ಫೇಟಾದ ಅರಿವೆ ಇರುತ್ತಿದ್ದದ್ದೂ ಲಗಮಣ್ಣನ ಮನೆಯಲ್ಲೇ. ಬಾಬಾಸಾಹೇಬರ ತಂದೆ ಕೊಲ್ಹಾಪುರದಿಂದ ತಂದಿದ್ದ, ಅಂಚಿಗೆ ಜರಿಯಿದ್ದ ಗುಲಾಬಿ ಅರಿವೆ ಅದು. ಲಗಮಣ್ಣನ ಹೆಂಡತಿ ಲಕ್ಕವ್ವ ಅದನ್ನು ಒಗೆದು, ತೆಳ್ಳಗೆ ಗಂಜಿ ಹಾಕಿ, ನೆರಳಲ್ಲಿ ಒಣಗಿಸಿ, ಟ್ರಂಕಿನಲ್ಲಿ ತನ್ನ ಮದುವೆಯ ಸೀರೆಯ ಮಡಿಕೆಯೊಳಗೆ ಇಡುತ್ತಿದ್ದಳು.

"ಹೊಸಾ ಅರಬಿ ಮಾತ ಕೇಳಂಗಿಲ್ರಿ, ಜಾರತೈತಿ. ಇದು ನೋಡ್ರಿ, ಅಣ್ಣಾರ ತಲಿ ಕಂಡಕೂಡ್ಲೆ ತಾನ ಕುಂಡರತೈತಿ" ಎಂದು ಲಗಮಣ್ಣ ಹೇಳುತ್ತಿದ್ದ. ಬಾಬಾಸಾಹೇಬರನ್ನು ನಮ್ಮ ಮಂದಿ ಅಣ್ಣಾರು ಎಂದೇ ಕರೆಯುವುದು. ಇಡೀ ತಾಲೂಕಿಗೆ ಆ ಬಣ್ಣದ ಗುರುತಿತ್ತು. ದೂರದಲ್ಲಿ ಗುಲಾಬಿ ಕಂಡರೆ ಅಧ್ಯಕ್ಷರು ಬಂದರೆಂದು ಮಂದಿ ಎದ್ದು ನಿಲ್ಲುತ್ತಿದ್ದರು.

ತೊಂಬತ್ನಾಲ್ಕರ ಚುನಾವಣೆಯಲ್ಲಿ ನಮ್ಮ ಪಕ್ಷ ಮಣ್ಣು ಮುಕ್ಕಿತು. ಬಾಬಾಸಾಹೇಬರ ಪಾಲು ಅದರಲ್ಲಿ ಇರಲಿಲ್ಲ ಎಂದು ನಾನು ಹೇಳುವುದಿಲ್ಲ. ಯಾರ ಮಾತೂ ಕೇಳದೆ ತಮ್ಮ ಬೀಗರಿಗೆ ಟಿಕೆಟ್ ಕೊಡಿಸಿದ್ದರು. ಆ ಬೀಗರೋ, ಮಂದಿಗೆ ಕೈ ಮುಗಿಯುವಾಗಲೂ ಪಕ್ಕದ ಹೊಲದ ಕಬ್ಬು ಎಷ್ಟು ಎತ್ತರ ಬಂದಿದೆ ಎಂದು ನೋಡುವಂಥವರು. ಸೋತ ಮೇಲೆ ಎಲ್ಲರಿಗೂ ನಾಲಿಗೆ ಬಂತು. ನಿನ್ನೆಯವರೆಗೆ ಜೀಪಿನ ಹಿಂದೆ ಓಡುತ್ತಿದ್ದವರು ಚಹಾದಂಗಡಿಯಲ್ಲಿ ಕೂತು, ಮುದುಕ ಇನ್ನಾದರೂ ಜಾಗ ಬಿಡಬೇಕು ಎನ್ನತೊಡಗಿದರು. ಬೆಳಗಾವಿಯಿಂದ ಪಕ್ಷದ ವೀಕ್ಷಕರು ಬರುವುದೆಂದೂ, ನಿಪ್ಪಾಣಿಯಲ್ಲಿ ಸಭೆ ಸೇರಿ ಹಳ್ಳಿ ಶಾಖೆಗಳವರು ಕೈ ಎತ್ತಿ ಅಧ್ಯಕ್ಷರನ್ನು ಆರಿಸುವುದೆಂದೂ ಗೊತ್ತಾಯಿತು. ನಮ್ಮೂರ ಶಾಖೆಯಿಂದ ಲಗಮಣ್ಣನಿಗೂ ನನಗೂ ಮತವಿತ್ತು.

ಎದುರು ನಿಂತವನು ಚಿಕ್ಕೋಡಿಯ ಕಾಕಾಸಾಹೇಬ. ವಯಸ್ಸು ಸಣ್ಣದು, ಸಫಾರಿ ಡ್ರೆಸ್ಸು, ಮಾರುತಿ ಕಾರು, ಅಥಣಿಯ ಕಡೆ ಹೆಂಡತಿಯ ತವರಿನ ದ್ರಾಕ್ಷಿ ತೋಟ. ಮಾತಿನಲ್ಲಿ ಬೆಣ್ಣೆ. ಒಂದು ಮುಂಜಾನೆ ಅವನ ಕಾರು ನಮ್ಮ ಓಣಿಗೆ ಬಂತು. ಲಗಮಣ್ಣ ಎಮ್ಮೆ ಮೈ ತೊಳೆಯುತ್ತಿದ್ದವನು ಹಾಗೇ ನಿಂತ.

"ಲಗಮಣ್ಣ ಕಾಕಾ, ಚಹಾ ಕುಡ್ಯಾಕ ಬಂದೇನ್ರಿ" ಎಂದ ಕಾಕಾಸಾಹೇಬ, ಒಳಗೆ ಹೋಗಿ ಚಾಪೆಯ ಮೇಲೆ ಕೂತೇಬಿಟ್ಟ.

ಇಲ್ಲಿಯೇ ಲಗಮಣ್ಣ ಅರ್ಧ ಕರಗಿದ. ಬಾಬಾಸಾಹೇಬರು ಇಷ್ಟು ವರ್ಷಗಳಲ್ಲಿ ಅವನನ್ನು ಲಗಮ್ಯಾ ಎಂದಲ್ಲದೆ ಬೇರೆ ಕರೆದದ್ದಿಲ್ಲ, ಕಟ್ಟೆ ದಾಟಿ ಒಳಗೆ ಬಂದದ್ದೂ ಇಲ್ಲ. ಇವನು ನೋಡಿದರೆ ಕಾಕಾ ಎನ್ನುತ್ತಾನೆ, ರಿ ಹಚ್ಚಿ ಮಾತಾಡುತ್ತಾನೆ, ಲಕ್ಕವ್ವನ ಚಹಾ ಬಸಿಯಲ್ಲಿ ಸುರುವಿಕೊಂಡು ಸೊರ್ ಎಂದು ಕುಡಿಯುತ್ತಾನೆ.

"ನನಗ ನಿಮ್ಮ ಮತಾ ಒಂದ ಬ್ಯಾಡ್ರಿ ಕಾಕಾ, ನಿಮ್ಮ ಕೈ ಬೇಕು" ಎಂದ ಕಾಕಾಸಾಹೇಬ. "ಸಭಾಕ್ಕ ಹೋಗೂ ಮೊದಲ ನೀವು ನನಗ ಫೇಟಾ ಕಟ್ರಿ. ನಿಮ್ಮ ಫೇಟಾ ಯಾರ ತಲಿಮ್ಯಾಲ ಇರತೈತೋ ಅವರ ಅಧ್ಯಕ್ಷರು ಅಂತ ಮಂದಿಗೆ ರೂಢಿ ಬಿದ್ದೈತಿ. ಮುಂದ ದಿಲ್ಲಿಯಿಂದ ದೊಡ್ಡ ನಾಯಕರು ಅಥಣಿಗೆ ಬರೋರದಾರ. ಅವರ ತಲಿಗೂ ನಿಮ್ಮ ಕೈಯಿಂದನ ಕಟ್ಟಸ್ತೀನಿ. ಪೇಪರನ್ಯಾಗ ಫೋಟೋ ಬರತೈತಿ."

ಹೋಗುವಾಗ ಹೊಸ ಅರಿವೆಯ ಪೊಟ್ಟಣವೊಂದನ್ನು ಚಾಪೆಯ ಮೇಲಿಟ್ಟು ಹೋದ. ಲಗಮಣ್ಣ ಹೂಂ ಎನ್ನಲಿಲ್ಲ, ಊಹೂಂ ಎನ್ನಲೂ ಇಲ್ಲ. ಬಾಗಿಲಲ್ಲಿ ನಿಂತಿದ್ದ ಲಕ್ಕವ್ವ ಮಾತ್ರ ಸ್ಪಷ್ಟವಾಗಿ ಕೇಳಿದಳು.

"ಅಣ್ಣಾರಿಗೆ ಏನ್ ಹೇಳಾವ್ರು ನೀವು?"

"ರಾಜಕಾರಣ ನಿನಗ ತಿಳಿಯಂಗಿಲ್ಲ, ಸುಮ್ನಿರ" ಎಂದ ಲಗಮಣ್ಣ. ಅವನಿಗೆ ಎಷ್ಟು ತಿಳಿಯುತ್ತಿತ್ತೋ ದೇವರೇ ಬಲ್ಲ.

ಸಭೆಯ ಹಿಂದಿನ ದಿನ ಆ ಹೊಸ ಅರಿವೆಯನ್ನು ಒಂದು ಕೊಡ ಬೋರಲು ಹಾಕಿ ಅದರ ಮೇಲೆ ಕಟ್ಟಿ ನೋಡಿದ. ಜಾರಿತು. ನೀರು ಚಿಮುಕಿಸಿ ಕಟ್ಟಿದ, ಮತ್ತೂ ಜಾರಿತು. ಎರಡೂ ಕಡೆಯವರಿಗೆ ಆಗುವುದಿಲ್ಲ ಎಂದು ಹೇಳಿ ಕೈ ತೊಳೆದುಕೊಳ್ಳಬಹುದಿತ್ತು. ಆದರೆ ಕೈಗೆ ಹೆಸರಿದ್ದವನಿಗೆ ಕೆಟ್ಟ ಕೆಲಸ ಮಾಡುವಾಗಲೂ ಕೈ ಕೆಡಬಾರದು ಎಂಬ ಹಟ. ತುಂಬಿದ ಸಭೆಯಲ್ಲಿ ತಾನು ಕಟ್ಟಿದ ಫೇಟಾ ಜಾರಿ ಕಿವಿಯ ಮೇಲೆ ಬಿದ್ದರೆ? ಟ್ರಂಕು ತೆಗೆದು, ಸೀರೆಯ ಮಡಿಕೆಯೊಳಗಿಂದ ಗುಲಾಬಿ ಅರಿವೆಯನ್ನು ಎಳೆದ.

"ಅದು ಅಣ್ಣಾರದು" ಎಂದಳು ಲಕ್ಕವ್ವ.

"ಒಂದ ದಿನದ ಮಾತು. ಸಂಜಿಕ ತಂದ ಇಡತೀನಿ. ಅಣ್ಣಾರ ಜೀಪ ಬಂದ್ರ, ನನಗ ಜ್ವರ ಬಂದೈತಿ, ಮಕ್ಕೊಂಡಾರ ಅಂತ ಹೇಳು."

ಬೆಳಿಗ್ಗೆ ಬೇಗ ಮಾರುತಿ ಕಾರು ಬಂದು ಅವನನ್ನು ಕರೆದುಕೊಂಡು ಹೋಯಿತು. ಆಮೇಲೆ ಬಾಬಾಸಾಹೇಬರ ಜೀಪು ಬಂತು. ಅಂದು ಅಲ್ಲಿ ನಡೆದದ್ದನ್ನು ಲಕ್ಕವ್ವ ಮುಂದೆ ನನ್ನ ಹೆಂಡತಿಯ ಮುಂದೆ ಹೇಳಿ ಅತ್ತಿದ್ದಳು. ಬಾಬಾಸಾಹೇಬರು ಬರಿದಲೆಯಲ್ಲಿ ಇಳಿದು, ರೂಢಿಯಂತೆ ಕಟ್ಟೆಯ ಮೇಲೆ ಕೂತರಂತೆ. ಲಕ್ಕವ್ವ ಬಾಗಿಲಿಗೆ ಅಡ್ಡ ನಿಂತು, "ಜ್ವರ ಬಂದೈತ್ರಿ ಅಣ್ಣಾರ, ಒಳಗ ಮಕ್ಕೊಂಡಾರ" ಎಂದಳು.

"ಎಬ್ಬಸಬ್ಯಾಡ ತಂಗಿ, ಮಕ್ಕೊಳ್ಳಿ" ಎಂದು ಅವರು ಎದ್ದು ನಿಂತರು. "ಒಂದ ದಿನ ಫೇಟಾ ಇಲ್ಲಂದ್ರ ತಲಿ ಏನ್ ಹೋಗಂಗಿಲ್ಲ. ಗಂಜಿ ಕುಡಸು. ಚಿಕ್ಕೋಡಿಗೆ ಹೋಗಿ ಔಷಧ ಕಳಸ್ತೀನಿ."

ಅರಿವೆಯನ್ನಾದರೂ ಕೊಡು ಎಂದು ಕೇಳಲಿಲ್ಲ. ಬೇರೆಯವರ ಕೈಯಿಂದ ಕಟ್ಟಿಸಿಕೊಳ್ಳುವ ರೂಢಿ ಅವರಿಗಿರಲಿಲ್ಲ. ಜೀಪು ನಿಪ್ಪಾಣಿಯ ದಾರಿ ಬಿಟ್ಟು ಚಿಕ್ಕೋಡಿಯ ಕಡೆ ತಿರುಗಿತು.

ನಿಪ್ಪಾಣಿಯಲ್ಲಿ ಸಭೆ ಸೇರಿದ್ದು ಒಂದು ಹಳೆಯ ತಂಬಾಕಿನ ವಖಾರಿಯಲ್ಲಿ. ಸರಕು ಖಾಲಿ ಮಾಡಿ ಜಮಖಾನೆ ಹಾಸಿದ್ದರು. ಆದರೆ ವಾಸನೆ ಎಲ್ಲಿಗೆ ಹೋಗುತ್ತದೆ? ಪಕ್ಷದ ಭವಿಷ್ಯದ ಬಗ್ಗೆ ಯಾರು ಮಾತೆತ್ತಿದರೂ ಎರಡನೆಯ ವಾಕ್ಯಕ್ಕೆ ಸೀನುತ್ತಿದ್ದರು. ವೀಕ್ಷಕರು ಮೂಗಿಗೆ ಕರವಸ್ತ್ರ ಹಿಡಿದು ಕೂತಿದ್ದರು. ಬಾಬಾಸಾಹೇಬರು ಇನ್ನೂ ಬಂದಿರಲಿಲ್ಲ. ಎಂದೂ ತಡ ಮಾಡುವವರಲ್ಲ, ಯಾಕೆ ಬರಲಿಲ್ಲ ಎಂದು ನಾವು ಮಾತಾಡಿಕೊಳ್ಳುತ್ತಿರುವಾಗ ಬಾಗಿಲಲ್ಲಿ ಗುಲಾಬಿ ಫೇಟಾ ಕಂಡಿತು. ಅರ್ಧ ಸಭೆ ಎದ್ದು ನಿಂತಿತು.

ಫೇಟಾದ ಕೆಳಗಿದ್ದದ್ದು ಕಾಕಾಸಾಹೇಬನ ಮುಖ. ಹಿಂದೆ ಲಗಮಣ್ಣ ತಲೆ ತಗ್ಗಿಸಿಕೊಂಡು ಬರುತ್ತಿದ್ದ. ಕಾಕಾಸಾಹೇಬ ನೇರ ಹೋಗಿ ವೇದಿಕೆಯ ಮೇಲೆ ವೀಕ್ಷಕರ ಪಕ್ಕ ಕೂತ.

ನಮ್ಮ ಕಡೆ ಒಂದು ಪದ್ಧತಿಯುಂಟು. ಮನೆಯ ಹಿರಿಯ ತನಗೆ ಇನ್ನು ಸಾಕು ಎನ್ನಿಸಿದಾಗ ತನ್ನ ಫೇಟಾವನ್ನು ನಾಲ್ಕು ಮಂದಿಯ ಎದುರು ಮಗನ ತಲೆಗೆ ಕಟ್ಟಿಸುತ್ತಾನೆ. ಅಲ್ಲಿಗೆ ಯಜಮಾನಿಕೆ ಮುಗಿಯಿತು. ಯಾರೂ ಬಾಯಿಬಿಟ್ಟು ಹೇಳುವ ಅಗತ್ಯವಿಲ್ಲ. ನನ್ನ ಪಕ್ಕದಲ್ಲಿ ಕೂತಿದ್ದ ಮುರಗೆಪ್ಪಜ್ಜ ಬಾಬಾಸಾಹೇಬರ ಊರಿನವನೇ, ಅವರ ಕಟ್ಟಾ ಮನುಷ್ಯ. ಅವನು ಕಣ್ಣೊರೆಸಿಕೊಂಡು ಹೇಳಿದ.

"ಅಣ್ಣಾರ ಫೇಟಾ ಇಳಿಸಿ ಈ ಹುಡುಗಗ ಕಟ್ಟಿ ಕಳಿಸ್ಯಾರ. ಜಗಳಾ ಬ್ಯಾಡ ಅಂತ ತಾವ ಸರದ್ರು ನೋಡು. ದೊಡ್ಡ ಮನಸ."

ಮಾತು ಸಾಲಿನಿಂದ ಸಾಲಿಗೆ ಹೋಯಿತು. ಹಿಂದಿನ ಸಾಲು ಮುಟ್ಟುವ ಹೊತ್ತಿಗೆ ಬಾಬಾಸಾಹೇಬರು ಕಾಕಾಸಾಹೇಬನ ತಲೆ ಮೇಲೆ ಕೈಯಿಟ್ಟು ಆಶೀರ್ವಾದವನ್ನೂ ಮಾಡಿಬಿಟ್ಟಿದ್ದರು. ಮುರಗೆಪ್ಪಜ್ಜ ಲಗಮಣ್ಣನನ್ನು ಕರೆದು, "ಅಣ್ಣಾರ ಹೇಳಿನ ನೀ ಕಟ್ಟಿದ್ದು, ಹೌದಲ್ಲೋ?" ಎಂದು ಕೇಳಿದ. ಅವನು ಒಂದು ಮಾತು ಹೇಳಿದ್ದರೆ ಸಾಕಿತ್ತು. ತಾನು ಮಾಡಿದ್ದು ಇಲ್ಲಿಯವರೆಗೆ ಬರುತ್ತದೆಂದು ಅವನಿಗೂ ಹೊಳೆದಿರಲಿಕ್ಕಿಲ್ಲ. ಅವನು ಯೋಚಿಸಿದ್ದು ಬರೇ ಜಾರದ ಅರಿವೆಯ ಬಗ್ಗೆ. ಅವನು ಜಮಖಾನೆಯ ದಾರ ಎಳೆಯುತ್ತ ಕೂತ. ಅವನ ಕಿವಿ ಕೆಂಪಗಾದದ್ದನ್ನು ನಾನು ಕಂಡೆ.

ಆಗ ಬಾಬಾಸಾಹೇಬರು ಬಂದರು. ಬರಿದಲೆಯಲ್ಲಿ ಅವರನ್ನು ಸಭೆಯೊಳಗೆ ನಾವ್ಯಾರೂ ಕಂಡಿರಲಿಲ್ಲ. ಕೂದಲು ಅಷ್ಟು ಉದುರಿದೆ ಎಂಬುದೂ ಬೇರೆ ಊರವರಿಗೆ ಗೊತ್ತಿರಲಿಲ್ಲ. ಮುಂದೆ ನಡೆದು ಬಂದವರು ಲಗಮಣ್ಣನನ್ನು ಕಂಡು ನಿಂತರು. ಅವರ ಕಣ್ಣು ಇನ್ನೂ ವೇದಿಕೆಯ ಕಡೆ ಹೋಗಿರಲಿಲ್ಲ.

"ಜ್ವರ ಇಳೀತೇನೋ ಲಗಮ್ಯಾ?"

ಕೊಂಕು ಇರಲಿಲ್ಲ ಆ ಮಾತಿನಲ್ಲಿ. ನಿಜವಾಗಿಯೇ ಕೇಳಿದರು. ಜ್ವರದಲ್ಲೂ ಎದ್ದು ಬಂದಿದ್ದಾನಲ್ಲ ಎಂಬ ಸಂತೋಷ ಮುಖದ ಮೇಲಿತ್ತು. "ಇಳೀತ್ರಿ" ಎಂದ ಲಗಮಣ್ಣ.

ಆಮೇಲೆ ಅವರು ತಲೆ ಎತ್ತಿ ವೇದಿಕೆಯ ಮೇಲಿನ ಗುಲಾಬಿ ಬಣ್ಣ ನೋಡಿದರು. ತಿರುಗಿ ಲಗಮಣ್ಣನನ್ನು ನೋಡಿದರು. ವೀಕ್ಷಕರು ಕರವಸ್ತ್ರ ಸರಿಸಿ, ತಾವು ಏನಾದರೂ ಹೇಳುವುದಿದೆಯೇ ಎಂದು ಕೇಳಿದರು. ವಖಾರಿಯಲ್ಲಿ ಸೀನು ಕೂಡ ನಿಂತಿತ್ತು. ಈ ಫೇಟಾ ನನ್ನದು, ನಾನು ಕೊಟ್ಟಿಲ್ಲ ಎಂದಿದ್ದರೆ ಸಭೆ ಅವರ ಕಡೆ ತಿರುಗುತ್ತಿತ್ತು. ಅದೇ ಗಳಿಗೆಯಲ್ಲಿ ಲಗಮಣ್ಣ ತಾಲೂಕಿನ ಮಂದಿಯೆದುರು ಕಳ್ಳನಾಗುತ್ತಿದ್ದ. ಬಾಬಾಸಾಹೇಬರು ಏನನ್ನು, ಯಾರಿಗಾಗಿ ಬಿಟ್ಟುಕೊಟ್ಟರು ಎಂದು ಅಂದು ನಮಗಾರಿಗೂ ತಿಳಿಯಲಿಲ್ಲ.

"ಫೇಟಾ ಚಲೋ ಒಪ್ಪೈತಿ. ನಂದೇನ ಹೇಳೂದಿಲ್ಲ" ಎಂದು ಜಮಖಾನೆಯ ಮೇಲೆ ನಮ್ಮ ನಡುವೆ ಕೂತುಬಿಟ್ಟರು.

ಕೈಗಳೆಲ್ಲ ಎದ್ದವು. ಮುರಗೆಪ್ಪಜ್ಜನದೂ ಎದ್ದಿತು, ನನ್ನದೂ. ಎಲ್ಲರೂ ಬಾಬಾಸಾಹೇಬರ ಮಾತು ನಡೆಸುತ್ತಿದ್ದೇವೆಂದು ತಿಳಿದೇ ಎತ್ತಿದೆವು. ಲಗಮಣ್ಣ ಎತ್ತಿದನೋ ಇಲ್ಲವೋ ನಾನು ನೋಡಲಿಲ್ಲ.

ಸಂಜೆ ಮನೆಗೆ ಬಂದಾಗ ಅರಿವೆ ಅವನ ಕೈಯಲ್ಲಿರಲಿಲ್ಲ. ಕಾಕಾಸಾಹೇಬ ಫೇಟಾ ಕಟ್ಟಿಕೊಂಡೇ ಮೆರವಣಿಗೆ ಹೋಗಿದ್ದ, ಕೇಳುವ ಬಾಯಿ ಇವನಿಗಿರಲಿಲ್ಲ. ಲಕ್ಕವ್ವ ಗೋಡೆಯ ಗೂಡಿನಲ್ಲಿಟ್ಟಿದ್ದ ಔಷಧದ ಬಾಟಲಿ ತೋರಿಸಿದಳು. ದವಾಖಾನೆಯ ಕಂಪೌಂಡರ್ ಲೂನಾ ಮೇಲೆ ಬಂದು ಕೊಟ್ಟು ಹೋಗಿದ್ದ.

"ಅಣ್ಣಾರ ತಾವ ನಿಂತು ಔಷಧ ಮಾಡಿಸಿದ್ರಂತ. ಡಾಕ್ಟರ್ ಬರೂದು ತಡಾ ಆತು, ಅಲ್ಲೇ ಬಾಕಿನ ಮ್ಯಾಲ ಕುಂತಿದ್ರಂತ. ಸಭಾಕ್ಕ ಹೊತ್ತಾತು ಅಂದ್ರೂ ಎದ್ದಿಲ್ಲಂತ" ಎಂದಳು ಲಕ್ಕವ್ವ.

ಲಗಮಣ್ಣ ಅಂದು ಉಣ್ಣಲಿಲ್ಲ. ಲಕ್ಕವ್ವ ಬಾಟಲಿಯನ್ನು ಗೂಡಿನಿಂದ ತೆಗೆಯಲಿಲ್ಲ, ಅವನೂ ತೆಗೆ ಎನ್ನಲಿಲ್ಲ.

ದಿಲ್ಲಿಯ ನಾಯಕರು ಹೇಳಿದಂತೆ ಅಥಣಿಗೆ ಬಂದರು. ಲಗಮಣ್ಣ ಒಗೆದ ಧೋತರ ಉಟ್ಟು ಹೋದ. ನಾಚಿಕೆಯಿದ್ದರೂ ಫೋಟೋದ ಆಸೆ ಪೂರ್ತಿ ಸತ್ತಿರಲಿಲ್ಲ ಎಂದು ಕಾಣುತ್ತದೆ. ವೇದಿಕೆಯ ಮೇಲೆ ಕಾಕಾಸಾಹೇಬ ಒಂದು ಡಬ್ಬಿ ತೆಗೆದು, ಕೊಲ್ಹಾಪುರದಿಂದ ತರಿಸಿದ ಹೊಲಿದಿಟ್ಟ ಫೇಟಾವನ್ನು ಟೊಪ್ಪಿಗೆಯ ಹಾಗೆ ನಾಯಕರ ತಲೆಗೆ ಇಟ್ಟ. ಕಟ್ಟುವ ಕೆಲಸವೇ ಇರಲಿಲ್ಲ. ಲಗಮಣ್ಣನನ್ನು ಕಂಡು ಕೈ ಮಾಡಿ, "ಊಟಾ ಮಾಡಿ ಹೋಗ್ರಿ ಕಾಕಾ" ಎಂದ. ಹೊರಗೆ ಬಂದರೆ ಡ್ರೈವರ್ ಕಾರಿನ ಗಾಜು ಒರೆಸುತ್ತಿದ್ದ. ಕೈಯಲ್ಲಿದ್ದ ಅರಿವೆಯ ಅಂಚಿಗೆ ಜರಿ ಇತ್ತು. ಮಸಿ ಹತ್ತಿದರೂ ಗುಲಾಬಿ ಬಣ್ಣ ತಿಳಿಯುತ್ತಿತ್ತು. ಅದನ್ನಾದರೂ ಕೇಳಿ ಇಸಿದುಕೊಳ್ಳಬೇಕಿತ್ತು. ಇಸಿದುಕೊಂಡು ಯಾರಿಗೆ ಕೊಡುವುದು? ಅವನು ಊಟ ಮಾಡದೆ ಬಸ್ಸು ಹತ್ತಿದ.

ಬಾಬಾಸಾಹೇಬರು ಆಮೇಲೆ ಯಾವ ಸಭೆಗೂ ಫೇಟಾ ಕಟ್ಟಲಿಲ್ಲ. ಎಲ್ಲಿಗೆ ಹೋದರೂ ಬಿಳಿ ಟೊಪ್ಪಿಗೆಯಲ್ಲೇ ಹೋಗುತ್ತಿದ್ದರು. ಅವರ ಜೀಪಿನ ಸಪ್ಪಳ ಕೇಳಿದರೆ ಲಗಮಣ್ಣ ಗೋಡೆಯ ಮರೆಗೆ ಸರಿಯುತ್ತಿದ್ದ. ಹೀಗೆ ಎರಡು ಬೇಸಿಗೆ ಕಳೆದವು. ಮಗಳು ಕೆಂಪವ್ವನ ಲಗ್ನ ಗೊತ್ತಾಯಿತು.

"ಅಣ್ಣಾರನ್ನ ಕರದ ಬರ್ರಿ" ಎಂದಳು ಲಕ್ಕವ್ವ.

"ಯಾವ ಮಾರಿ ಹೊತ್ಕೊಂಡ ಹೋಗ್ಲಿ?"

"ನಿಮ್ಮ ಮಾರಿ ಮನ್ಯಾಗ ಇಡ್ರಿ. ನಾ ಹೋಗತೀನಿ. ಬಾಗಲದಾಗ ನಿಂತ ಸುಳ್ಳ ಹೇಳಿದಾಕಿ ನಾನ ಅದೀನಿ."

ಅವಳೇ ಬೇಡಕಿಹಾಳಕ್ಕೆ ಹೋಗಿ ಕರೆದು ಬಂದಳು. ಬಾಬಾಸಾಹೇಬರು ಬಂದರು. ಹಂದರದಲ್ಲಿ ಹಿರಿಯರಿಗೆ ಫೇಟಾ ಕಟ್ಟಿ ಸತ್ಕಾರ ಮಾಡುವುದು ಹೆಣ್ಣಿನ ತಂದೆಯ ಕೆಲಸ. ಬೇರೆ ಮನೆಯ ಲಗ್ನವಾಗಿದ್ದರೆ ಲಗಮಣ್ಣ ನೆಪ ಹೇಳಿ ಅಡಿಗೆಯ ಕಡೆ ಹೋಗಿ ನಿಲ್ಲುತ್ತಿದ್ದ. ಇದು ಅವನದೇ ಹಂದರ. ಬಾಬಾಸಾಹೇಬರು ಟೊಪ್ಪಿಗೆ ತೆಗೆದು ಜೇಬಿನಲ್ಲಿಟ್ಟುಕೊಂಡು ಅವನೆದುರು ತಲೆ ಬಗ್ಗಿಸಿದರು.

ಅರಿವೆ ಹೊಸದು, ಲಗ್ನಕ್ಕೆಂದು ನಿಪ್ಪಾಣಿಯಿಂದ ತಂದದ್ದು. ಹಳೆಯದು ಎಲ್ಲಿತ್ತು? ಇನ್ನೊಂದು ತುದಿ ನನ್ನ ಕೈಯಲ್ಲಿತ್ತು. ಲಗಮಣ್ಣ ಒಮ್ಮೆ ಬಿಗಿಯಾಗಿ, ಒಮ್ಮೆ ಸಡಿಲಾಗಿ ಎಳೆಯುವುದು ಅರಿವೆಯ ಗುಂಟ ನನ್ನ ಬೆರಳಿಗೆ ತಿಳಿಯುತ್ತಿತ್ತು. ಸುತ್ತು ಸಡಿಲಾಯಿತು, ಬಿಚ್ಚಿ ಮತ್ತೆ ಸುತ್ತಿದ, ಮತ್ತೂ ಸಡಿಲಾಯಿತು. ಹಂದರದ ಮಂದಿಯೆಲ್ಲ ನೋಡುತ್ತಿದ್ದರು. ಕೊನೆಗೆ ಹೇಗೋ ತುರಾಯಿ ಸಿಗಿಸಿ ಹಿಂದೆ ಸರಿದ. ತಲೆ ಅಲ್ಲಾಡಿಸಿರಿ ಎಂದು ಹೇಳಲಿಲ್ಲ.

ಬಾಬಾಸಾಹೇಬರು ರೂಢಿಯಂತೆ ತಲೆ ಅಲ್ಲಾಡಿಸಲು ಹೊರಟು ಅರ್ಧಕ್ಕೆ ನಿಲ್ಲಿಸಿದರು. ಫೇಟಾ ಎಡಕ್ಕೆ ವಾಲುತ್ತಿತ್ತು. ಅವರು ಎಡಗೈ ಎತ್ತಿ ಅದನ್ನು ಹಿಡಿದುಕೊಂಡರು. ಹಾಗೇ ಹೋಗಿ ಕುರ್ಚಿಯ ಮೇಲೆ ಕೂತರು. ಬಲಗೈಯಿಂದ ಅಕ್ಷತೆ ಹಾಕಿದರು, ಬಲಗೈಯಿಂದ ಮದುಮಕ್ಕಳ ತಲೆ ಮುಟ್ಟಿ ಹರಸಿದರು. ಎಡಗೈ ಕೆಳಗೆ ಇಳಿಯಲೇ ಇಲ್ಲ. ಮುರಗೆಪ್ಪಜ್ಜ ತಡೆಯಲಾರದೆ, "ಕೈ ಯಾಕ್ರಿ ಅಣ್ಣಾರ ತಲಿಮ್ಯಾಲ?" ಎಂದು ಕೇಳಿದ.

"ಗಾಳಿ ಐತಿ" ಎಂದರು ಬಾಬಾಸಾಹೇಬರು. ಹಂದರದ ತೋರಣದ ಎಲೆ ಕೂಡ ಅಲ್ಲಾಡುತ್ತಿರಲಿಲ್ಲ.

ಹೊರಡುವಾಗ ಲಗಮಣ್ಣ ಕಾಲಿಗೆ ಬಿದ್ದ. "ಅಣ್ಣಾರ, ಆ ಗುಲಾಬಿ ಅರಬಿ" ಎಂದವನು ಅಳತೊಡಗಿದ.

"ಮಗಳ ಲಗ್ನದ ದಿನ ಅಳಬಾರದು, ಏಳು" ಎಂದು ಅವರು ಜೀಪು ಹತ್ತಿದರು. ಓಣಿ ತಿರುಗುವವರೆಗೂ ಆ ಕೈ ಫೇಟಾದ ಮೇಲೆಯೇ ಇತ್ತು.

ಮಗಳನ್ನು ಗಂಡನ ಮನೆಗೆ ಕಳಿಸಿದಾಗ ಇನ್ನೂ ಬಿಸಿಲಿತ್ತು. ಲಗ್ನಕ್ಕೆ ತಂದಿದ್ದ ಪಾತ್ರೆಗಳ ಲೆಕ್ಕ ಕೇಳಲು ನಾನು ಹೋದಾಗ ಲಕ್ಕವ್ವ ಬಾಗಿಲಲ್ಲಿ ನಿಂತು ತುಟಿಯ ಮೇಲೆ ಬೆರಳಿಟ್ಟಳು. ಒಳಗೆ ಲಗಮಣ್ಣ ಗೂಡಿನಲ್ಲಿದ್ದ ಬಾಟಲಿ ಇಳಿಸಿ, ತಳಕ್ಕೆ ಗಟ್ಟಿಯಾಗಿ ಕೂತಿದ್ದ ಔಷಧವನ್ನು ಅಲ್ಲಾಡಿಸಿ ಒಂದು ಗುಟುಕು ಕುಡಿದಿದ್ದನಂತೆ. ಆಮೇಲೆ ಕಂಬಳಿ ಎಳೆದುಕೊಂಡು, ಅಂದು ಜ್ವರದಿಂದ ಮಲಗಿದ್ದಾನೆಂದು ಲಕ್ಕವ್ವ ಸುಳ್ಳು ಹೇಳಿದ್ದ ಜಾಗದಲ್ಲೇ ಗೋಡೆಗೆ ಮುಖ ಮಾಡಿ ಮಲಗಿದ್ದ. ನಾನು ಇಣುಕಿ ನೋಡಿ, ಎಬ್ಬಿಸಲೇ ಎಂದು ಸನ್ನೆ ಮಾಡಿದೆ.

"ಎಬ್ಬಸಬ್ಯಾಡ್ರಿ, ಮಕ್ಕೊಳ್ಳಿ" ಎಂದಳು ಲಕ್ಕವ್ವ.